ಜಪಾನಿನ ಸೆಂತೋ: ಸಾರ್ವಜನಿಕ ಸ್ನಾನಗೃಹಕ್ಕೆ ಮೊದಲ ಸಲ ಹೋಗುವವರಿಗೆ

ಟೋಕಿಯೋ, ಯೊಕೊಹಾಮಾ, ಒಸಾಕಾಗಳಲ್ಲಿ ಕೆಲಸಕ್ಕೋ ಓದಿಗೋ ಬಂದು ನೆಲೆಸಿದ ಕನ್ನಡಿಗರಲ್ಲಿ ಅನೇಕರು ತಮ್ಮ ಬಡಾವಣೆಯ ಸೆಂತೋದ ಮುಂದೆ ದಿನವೂ ಹಾದುಹೋಗುತ್ತಾರೆ, ಒಳಗೆ ಕಾಲಿಡುವುದಿಲ್ಲ. ಅಪರಿಚಿತರ ನಡುವೆ ಮೈಮೇಲೆ ನೂಲಿಲ್ಲದೆ ಇರಬೇಕೆಂಬ ಸಂಕೋಚ ಒಂದು, ತಿಳಿಯದೆ ಏನಾದರೂ ತಪ್ಪು ಮಾಡಿ ಎಲ್ಲರ ಕಣ್ಣಿಗೆ ಬಿದ್ದೇವೆಂಬ ಅಳುಕು ಇನ್ನೊಂದು. ಸಂಕೋಚವನ್ನು ಯಾರೂ ಬರೆದು ಕಳೆಯಲಾರರು; ಅಲ್ಲಿ ಯಾರೂ ಯಾರನ್ನೂ ನೋಡುತ್ತ ಕೂರುವುದಿಲ್ಲವೆಂದು ಮನಸ್ಸಿಗೆ ಖಾತ್ರಿಯಾದೊಡನೆ ಅದು ತಾನಾಗಿ ಸಡಿಲವಾಗುತ್ತದೆ. ಅಳುಕನ್ನು ಮಾತ್ರ ಮುಂಚಿತವಾಗಿ ಕಳೆಯಬಹುದು, ಏಕೆಂದರೆ ಸೆಂತೋದ ಕಟ್ಟಳೆಗಳೆಲ್ಲ ಒಂದೇ ಸಂಗತಿಯಿಂದ ಹುಟ್ಟಿವೆ: ತೊಟ್ಟಿಯ ನೀರು ತೊಳೆದ ಮೈಯನ್ನು ಕಾಯಿಸುವುದಕ್ಕಾಗಿ ಇದೆ, ಮತ್ತು ಆ ನೀರಿಗೆ ನಿಮ್ಮ ನಂತರ ಇನ್ನೊಬ್ಬರು ಇಳಿಯುವವರಿದ್ದಾರೆ. ಇದನ್ನು ಮನಸ್ಸಿನಲ್ಲಿಟ್ಟುಕೊಂಡವರಿಗೆ ಮುಂದೆ ಹೇಳುವ ನಿಯಮಗಳಲ್ಲಿ ಅರ್ಧದಷ್ಟನ್ನು ಯಾರೂ ಹೇಳಿಕೊಡಬೇಕಾಗಿಲ್ಲ.

ಸೆಂತೋ ಎಂದರೆ ಊರಿನ ಜನ ಹಣ ಕೊಟ್ಟು ಮೀಯುವ ನೆರೆಹೊರೆಯ ಸ್ನಾನಗೃಹ. ಒನ್ಸೆನ್ ಎಂಬುದು ಬಿಸಿನೀರಿನ ಬುಗ್ಗೆ. ಜಪಾನಿನ 1948ರ ಒನ್ಸೆನ್ ಕಾಯಿದೆಯ ಪ್ರಕಾರ ನೆಲದಿಂದ ಬರುವ ನೀರು 25 ಡಿಗ್ರಿ ಸೆಲ್ಸಿಯಸ್ ಅಥವಾ ಅದಕ್ಕಿಂತ ಬೆಚ್ಚಗಿರಬೇಕು, ಇಲ್ಲವೇ ಕಾಯಿದೆ ಹೆಸರಿಸಿರುವ 19 ದ್ರವ್ಯಗಳಲ್ಲಿ ಒಂದಾದರೂ ಅದರಲ್ಲಿ ನಿಗದಿತ ಪ್ರಮಾಣದಲ್ಲಿರಬೇಕು. ಬುಗ್ಗೆಯ ನೀರನ್ನೇ ಬಳಸುವ ಸೆಂತೋಗಳೂ ಉಂಟು. ಟೋಕಿಯೋದ ಓತಾ ವಿಭಾಗದಲ್ಲಿ ಕಾಫಿ ಡಿಕಾಕ್ಷನ್ ಬಣ್ಣದ ನೀರಿನ ಸೆಂತೋಗಳು ಹಲವಿವೆ. ಬಹುಕಾಲದ ಹಿಂದೆ ಹೂತುಹೋದ ಸಸ್ಯಗಳ ಅಂಶ ಕರಗಿ ಆ ನೀರು ಕಪ್ಪಾಗಿದೆ. ಇವಲ್ಲದೆ ಊಟದ ಹೋಟೆಲು, ವಿಶ್ರಾಂತಿಯ ಕೋಣೆ, ಬಗೆಬಗೆಯ ತೊಟ್ಟಿಗಳಿರುವ ದೊಡ್ಡ ಸ್ನಾನ ಸಂಕೀರ್ಣಗಳೂ ಇವೆ. ಅಲ್ಲಿ ದರ ಹೆಚ್ಚು, ಸೌಕರ್ಯವೂ ಹೆಚ್ಚು. ಮೊದಲ ಸಲ ಹೋಗುವವರಿಗೆ ನನ್ನ ಸಲಹೆ ಬಡಾವಣೆಯ ಚಿಕ್ಕ ಸೆಂತೋವೇ. ದೊಡ್ಡ ಸಂಕೀರ್ಣದಲ್ಲಿ ಎಲ್ಲರೂ ಹೊರಗಿನವರು, ಬಡಾವಣೆಯ ಸೆಂತೋದಲ್ಲಿ ಎಲ್ಲರೂ ದಿನನಿತ್ಯದವರು. ಕ್ರಮವನ್ನು ಕಲಿಯುವುದು ದಿನನಿತ್ಯದವರನ್ನು ನೋಡಿಯೇ.

ಈ ಪದ್ಧತಿಯ ಬೇರು ನಮ್ಮ ನೆಲದವರೆಗೆ ಚಾಚಿಕೊಂಡಿದೆ ಎಂಬುದನ್ನು ತಿಳಿದು ಹೋದರೆ ಅಲ್ಲಿ ಪರಕೀಯತೆ ಸ್ವಲ್ಪ ಕಡಿಮೆಯಾದೀತು. ಬುದ್ಧನ ಕಾಲದ ವೈದ್ಯ ಜೀವಕ, ವೈಶಾಲಿಯಲ್ಲಿ ಒಳ್ಳೆಯ ಊಟ ಉಂಡು ಮೈ ಜಡವಾದ ಭಿಕ್ಷುಗಳನ್ನು ಕಂಡು, ಅವರಿಗೆ ಅಡ್ಡಾಡುವ ಜಾಗವನ್ನೂ ಜಂತಾಘರವೆಂಬ ಬಿಸಿ ಸ್ನಾನದ ಕೋಣೆಯನ್ನೂ ಅನುಮತಿಸಬೇಕೆಂದು ಬುದ್ಧನಲ್ಲಿ ಕೇಳಿಕೊಂಡ ಪ್ರಸಂಗ ಭಿಕ್ಷುಗಳ ನಿಯಮಗಳ ಗ್ರಂಥವಾದ ವಿನಯಪಿಟಕದಲ್ಲಿದೆ. ಚೀನೀ ಭಾಷೆಯ ಮೂಲಕ ಜಪಾನಿಗೆ ತಲುಪಿದ ಒಂದು ಸೂತ್ರದಲ್ಲಿಯೂ ಇದೇ ಜೀವಕ ಬರುತ್ತಾನೆ. ಸಂಘಕ್ಕೆ ಸ್ನಾನದ ಏರ್ಪಾಡು ಮಾಡುವುದರ ಪುಣ್ಯವನ್ನು ಹೇಳುವ ಆ ಸೂತ್ರ ಸ್ನಾನಕ್ಕೆ ಬೇಕಾದ ಏಳು ವಸ್ತುಗಳನ್ನು ಹೆಸರಿಸುತ್ತದೆ: ಬೆಂಕಿ, ಶುದ್ಧ ನೀರು, ಮೈ ಉಜ್ಜಲು ಕಾಳಿನ ಹಿಟ್ಟು, ಮೈಗೆ ಹಚ್ಚುವ ಜಿಡ್ಡು, ನಯವಾದ ಬೂದಿ, ಹಲ್ಲುಜ್ಜುವ ಕಡ್ಡಿ, ಒಳಉಡುಪು. ಹೆಸರುಹಿಟ್ಟು, ಕಡಲೆಹಿಟ್ಟು ಹಚ್ಚಿ ಮಕ್ಕಳಿಗೆ ಎರೆಯುವ ಮನೆಗಳಿಂದ ಬಂದ ನಮಗೆ ಈ ಪಟ್ಟಿಯನ್ನು ಬಿಡಿಸಿ ಹೇಳಬೇಕಾಗಿಲ್ಲ.

ಜಪಾನಿನಲ್ಲಿ ಸಾರ್ವಜನಿಕ ಸ್ನಾನ ಬೌದ್ಧ ದೇವಾಲಯಗಳಲ್ಲಿಯೇ ಬೆಳೆಯಿತು. ಅಲ್ಲಿನ ಸ್ನಾನಗೃಹಗಳನ್ನು ಬಡವರಿಗೂ ರೋಗಿಗಳಿಗೂ ತೆರೆದಿಡುತ್ತಿದ್ದರು. ಎಂಟನೆಯ ಶತಮಾನದ ಸಾಮ್ರಾಜ್ಞಿ ಕೋಮ್ಯೋ ನಾರಾ ನಗರದಲ್ಲಿ ಸಾವಿರ ಜನರ ಮೈಯನ್ನು ತನ್ನ ಕೈಯಾರೆ ತೊಳೆಯುವುದಾಗಿ ಹರಕೆ ಹೊತ್ತಳೆಂದೂ, ಸಾವಿರದ ಕೊನೆಯವನಾಗಿ ಬಂದ ಕುಷ್ಠರೋಗಿ ಅವಳ ಸೇವೆಯನ್ನು ಸ್ವೀಕರಿಸಿ ಅಕ್ಷೋಭ್ಯ ಬುದ್ಧನಾಗಿ ಬೆಳಗಿದನೆಂದೂ ಐತಿಹ್ಯವಿದೆ. ಹಣ ಪಡೆದು ನಡೆಸುವ ಸ್ನಾನಗೃಹಗಳು ನಗರಗಳು ಬೆಳೆದಂತೆ ಬಂದವು. ಇಂದಿನ ಟೋಕಿಯೋ ಆದ ಎದೋ ಪಟ್ಟಣದಲ್ಲಿ ಇಸೆ ಯೋಇಚಿ ಎಂಬಾತ 1591ರಲ್ಲಿ ಮೊದಲ ಸೆಂತೋ ತೆರೆದನೆಂದು ಹೇಳುತ್ತಾರೆ. ಅದು ಹಬೆಯ ಸ್ನಾನದ ಮನೆಯಾಗಿತ್ತು. ಮರದ ಮನೆಗಳು ಒತ್ತೊತ್ತಾಗಿದ್ದ, ಬೆಂಕಿಯ ಭಯ ಸದಾ ಇದ್ದ ಆ ಊರಿನಲ್ಲಿ ಮನೆಮನೆಗೂ ಒಲೆಯ ಬಚ್ಚಲು ಸಾಧ್ಯವಿರಲಿಲ್ಲವಾದ್ದರಿಂದ, ಸಿರಿವಂತ ವರ್ತಕನೂ ಕೂಲಿಯವನೂ ಒಂದೇ ತೊಟ್ಟಿಗೆ ಇಳಿಯುತ್ತಿದ್ದರು. ಗಂಡಸರೂ ಹೆಂಗಸರೂ ಒಟ್ಟಿಗೆ ಮೀಯುವುದನ್ನು ಆಡಳಿತ 1791ರಲ್ಲಿ ನಿಷೇಧಿಸಿತು, ಆದರೂ ಅದು ಪೂರ್ತಿ ನಿಲ್ಲಲು ಬಹಳ ಕಾಲ ಹಿಡಿಯಿತು. ಈಗ ಸೆಂತೋಗಳಲ್ಲಿ ಎರಡು ಪಾಲುಗಳು ಕಟ್ಟುನಿಟ್ಟಾಗಿ ಬೇರೆಬೇರೆ.

ಹೊರಡುವ ಮೊದಲು

ಹೆಚ್ಚಿನ ಸೆಂತೋಗಳು ಮಧ್ಯಾಹ್ನ ಮೂರು ಅಥವಾ ನಾಲ್ಕು ಗಂಟೆಗೆ ತೆರೆದು ರಾತ್ರಿ ಹನ್ನೊಂದು, ಹನ್ನೆರಡರವರೆಗೆ ನಡೆಯುತ್ತವೆ. ವಾರಕ್ಕೊಂದು ರಜೆ ಇರುತ್ತದೆ, ಅದು ಒಂದೊಂದು ಕಡೆ ಒಂದೊಂದು ದಿನ. ನಕ್ಷೆಯಲ್ಲಿ ನೋಡಿಕೊಂಡೇ ಹೊರಡಬೇಕು. ಬಾಗಿಲು ತೆರೆಯುವ ಹೊತ್ತಿಗೆ ನಿತ್ಯದ ವೃದ್ಧರು ಕಾದು ನಿಂತಿರುತ್ತಾರೆ, ಸಂಜೆಯ ಊಟದ ಆಸುಪಾಸಿನಲ್ಲಿ ಕೆಲಸ ಮುಗಿಸಿದವರ ದಟ್ಟಣೆ ಇರುತ್ತದೆ. ಇವೆರಡರ ನಡುವಿನ ಹೊತ್ತು, ಅದರಲ್ಲೂ ವಾರದ ದಿನದಲ್ಲಿ, ಹೊಸಬರಿಗೆ ನೆಮ್ಮದಿಯದು.

ದರವನ್ನು ಮಾಲೀಕರು ತಮಗೆ ಬೇಕಾದಂತೆ ಏರಿಸುವಂತಿಲ್ಲ. ಸೆಂತೋ ಜನರ ದಿನಬಳಕೆಯ ಅಗತ್ಯವೆಂದು ಎಣಿಸಿರುವುದರಿಂದ ಅದರ ಗರಿಷ್ಠ ದರವನ್ನು ಪ್ರತಿ ಪ್ರಾಂತ್ಯವೂ ಗೊತ್ತುಮಾಡುತ್ತದೆ; ಟೋಕಿಯೋದಲ್ಲಿ 2024ರ ಆಗಸ್ಟ್‌ನಲ್ಲಿ ವಯಸ್ಕರ ದರ 550 ಯೆನ್ ಆಯಿತು. ಸೌನಾ ಎಂಬ ಬೆವರಿಳಿಸುವ ಬಿಸಿ ಕೋಣೆ ಇದ್ದರೆ ಅದಕ್ಕೆ ಸಾಮಾನ್ಯವಾಗಿ ಬೇರೆ ಹಣ ಕೊಟ್ಟು ಕೈಗೆ ಹಾಕುವ ಗುರುತಿನ ಪಟ್ಟಿಯನ್ನು ಪಡೆಯಬೇಕಾಗುತ್ತದೆ. ಹಳೆಯ ಸೆಂತೋಗಳಲ್ಲಿ ಕಾರ್ಡು ನಡೆಯದಿರಬಹುದು, ಆದ್ದರಿಂದ ಜೇಬಿನಲ್ಲಿ ನಾಣ್ಯ, ಸಾವಿರ ಯೆನ್ನಿನ ನೋಟು ಇರಲಿ.

ಒಯ್ಯಬೇಕಾದದ್ದು ಹೆಚ್ಚಿಲ್ಲ. ಒಂದು ಚಿಕ್ಕ ತೆಳು ಟವೆಲು, ಮೈ ಒರೆಸಿಕೊಳ್ಳಲು ಒಂದು ದೊಡ್ಡ ಟವೆಲು, ಸೋಪು, ಶಾಂಪೂ, ಬಾಚಣಿಗೆ, ಬದಲಿಸುವ ಒಳಬಟ್ಟೆ. ಸೋಪು, ಶಾಂಪೂಗಳನ್ನು ಈಗ ಅನೇಕ ಕಡೆ ಗೋಡೆಯ ಬಳಿಯೇ ಇಟ್ಟಿರುತ್ತಾರೆ, ಟವೆಲು ಬಾಡಿಗೆಗೂ ಸಿಗುತ್ತದೆ. ಆದರೂ ನಮ್ಮದೇ ಒಯ್ಯುವುದು ಲೇಸು. ಚಿಕ್ಕ ಟವೆಲು ನಮ್ಮ ಊರಿನ ತೆಳು ಹತ್ತಿಯ ಪಂಚೆಯ ತುಂಡಾದರೂ ನಡೆಯುತ್ತದೆ: ಮೈ ಉಜ್ಜಲು, ನಡೆದಾಡುವಾಗ ಮುಂದೆ ಮರೆ ಹಿಡಿಯಲು, ಹಿಂಡಿ ಮೈ ಒರೆಸಿಕೊಳ್ಳಲು ಅದೊಂದೇ ಸಾಕಾಗುತ್ತದೆ, ಮತ್ತು ದಪ್ಪ ಟರ್ಕಿ ಟವೆಲಿಗಿಂತ ಬೇಗ ಹಿಂಡಲು ಬರುತ್ತದೆ.

ಕನ್ನಡದ ಮನೆಗಳಿಂದ ಹೋಗುವವರು ಇನ್ನು ಕೆಲವನ್ನು ಗಮನಿಸಬೇಕು. ತಲೆಗೆ ಎಣ್ಣೆ ಹಚ್ಚಿಕೊಂಡು ಹೋಗಬಾರದು. ಅಭ್ಯಂಜನದ ದಿನ ಮನೆಯಲ್ಲೇ ಸೀಗೆಯಿಂದ ಜಿಡ್ಡು ಹೋಗುವಂತೆ ತೊಳೆದುಕೊಂಡು ಅನಂತರ ಬೇಕಾದರೆ ಹೋಗಬಹುದು. ಅರಿಸಿನ, ಕುಂಕುಮ, ವಿಭೂತಿ, ಗಂಧ ಯಾವುದಿದ್ದರೂ ತೊಟ್ಟಿಗೆ ಇಳಿಯುವ ಮುಂಚೆ ತೊಳೆದುಹೋಗಿರಬೇಕು. ಕಾಲ್ಗೆಜ್ಜೆ, ಬಳೆಗಳನ್ನು ಮನೆಯಲ್ಲಿಯೇ ಬಿಟ್ಟು ಬರುವುದು ಒಳ್ಳೆಯದು. ಗಂಧಕದ ಬುಗ್ಗೆಗಳಿಗೆ ಹೋಗುವುದಾದರೆ ಕಾಲುಂಗುರದಂತಹ ಬೆಳ್ಳಿಯ ಒಡವೆಗಳು ಆ ನೀರಿನಲ್ಲಿ ಕಪ್ಪಿಡುತ್ತವೆ ಎಂಬುದು ನೆನಪಿರಲಿ. ಜನಿವಾರ, ಉಡಿದಾರ, ಮಾಂಗಲ್ಯದ ದಾರಗಳನ್ನು ತೆಗೆಯಲು ಮನಸ್ಸಿಲ್ಲದವರು ಅವನ್ನೂ ಮೈಯೊಂದಿಗೆ ಸೋಪು ಹಚ್ಚಿ ಚೆನ್ನಾಗಿ ತೊಳೆದುಕೊಳ್ಳಬೇಕು. ಹಚ್ಚೆಯ ವಿಷಯ ಸೂಕ್ಷ್ಮವಾದದ್ದು. ಹಚ್ಚೆಯನ್ನು ಅಪರಾಧಿ ಗುಂಪುಗಳ ಗುರುತಾಗಿ ಕಂಡ ಹಿನ್ನೆಲೆಯಿಂದ ಅನೇಕ ಒನ್ಸೆನ್‌ಗಳೂ ದೊಡ್ಡ ಸಂಕೀರ್ಣಗಳೂ ಹಚ್ಚೆ ಇದ್ದವರನ್ನು ಒಳಗೆ ಬಿಡುವುದಿಲ್ಲ. ಬಡಾವಣೆಯ ಸೆಂತೋಗಳು ಈ ವಿಷಯದಲ್ಲಿ ಬಹುಮಟ್ಟಿಗೆ ಉದಾರವಾಗಿವೆ. ಮದುವೆಯ ಗೋರಂಟಿ ಕೈತುಂಬ ಇರುವವರನ್ನೂ ಹಚ್ಚೆಯೆಂದು ತಪ್ಪು ತಿಳಿಯುವ ಸಂಭವವಿರುವುದರಿಂದ ಕೌಂಟರಿನಲ್ಲಿ ಮೊದಲೇ ತೋರಿಸಿ ಕೇಳುವುದು ಸಭ್ಯತೆ.

ಹೊಟ್ಟೆ ತುಂಬ ಉಂಡ ಕೂಡಲೇ, ಮದ್ಯ ಕುಡಿದ ಮೇಲೆ, ಜ್ವರ ಅಥವಾ ತೆರೆದ ಗಾಯ ಇರುವಾಗ ಹೋಗಬಾರದು. ರಕ್ತದೊತ್ತಡ, ಹೃದ್ರೋಗ ಇರುವವರೂ ಗರ್ಭಿಣಿಯರೂ ವೈದ್ಯರನ್ನು ಕೇಳಿಕೊಳ್ಳಬೇಕು. ಮುಟ್ಟಿನ ದಿನಗಳಲ್ಲಿ ತೊಟ್ಟಿಗೆ ಇಳಿಯುವುದಿಲ್ಲ. ಇದು ಮಡಿ ಮೈಲಿಗೆಯ ಮಾತಲ್ಲ, ಹಲವರು ಹಂಚಿಕೊಳ್ಳುವ ನೀರಿನ ಸ್ವಚ್ಛತೆಯ ಮಾತು.

ಮಕ್ಕಳನ್ನು ಕರೆದೊಯ್ಯುವವರು ವಯಸ್ಸಿನ ನಿಯಮವನ್ನು ತಿಳಿದಿರಬೇಕು. ಟೋಕಿಯೋದಲ್ಲಿ 2022ರ ಜನವರಿಯಿಂದ ಏಳು ವರ್ಷ ತುಂಬಿದ ಮಗು ತಂದೆತಾಯಿಯ ಜೊತೆಗಾದರೂ ಇನ್ನೊಂದು ಪಾಲಿಗೆ ಹೋಗುವಂತಿಲ್ಲ. ಎಂಟು ವರ್ಷದ ಮಗಳನ್ನು ತಂದೆ ಒಬ್ಬನೇ ಕರೆದೊಯ್ದರೆ ಅವಳು ಹೆಂಗಸರ ಪಾಲಿನಲ್ಲಿ ಒಂಟಿಯಾಗಬೇಕಾಗುತ್ತದೆ. ಅಂಥ ದಿನ ತಾಯಿಯೂ ಜೊತೆಗಿರಬೇಕು. ಡಯಪರಿನ ಕೂಸುಗಳನ್ನು ತೊಟ್ಟಿಗೆ ಇಳಿಸಬಾರದು.

ಬಾಗಿಲಿನಿಂದ ನಲ್ಲಿಯವರೆಗೆ

ಬಾಗಿಲಿಗೆ ಇಳಿಬಿಟ್ಟ ನೊರೆನ್ ಎಂಬ ಬಟ್ಟೆಯ ತೆರೆ ಕಂಡರೆ ಸೆಂತೋ ತೆರೆದಿದೆಯೆಂದು ತಿಳಿಯಬೇಕು. ಮುಚ್ಚುವಾಗ ಅದನ್ನು ಒಳಗೆ ತೆಗೆದಿಡುತ್ತಾರೆ. ಹೊಸ್ತಿಲಲ್ಲೇ ಪಾದರಕ್ಷೆ ಕಳಚಿ ಮರದ ಪೆಟ್ಟಿಗೆಯಲ್ಲಿಟ್ಟು, ಬೀಗದ ಕೈಯಾಗಿ ಕೆಲಸ ಮಾಡುವ ಮರದ ಬಿಲ್ಲೆಯನ್ನು ಎಳೆದುಕೊಳ್ಳಬೇಕು. ಗಂಡಸರ ಪಾಲು, ಹೆಂಗಸರ ಪಾಲುಗಳನ್ನು ಬಣ್ಣ ನೋಡಿ ನಿರ್ಧರಿಸದಿರಿ. ನೀಲಿ ಗಂಡಸರದು, ಕೆಂಪು ಹೆಂಗಸರದು ಎಂಬುದು ರೂಢಿಯೇ ಹೊರತು ಎಲ್ಲ ಕಡೆಯ ನಿಯಮವಲ್ಲ, ಕೆಲವು ಕಡೆ ಎರಡು ಪಾಲುಗಳನ್ನು ದಿನ ಬಿಟ್ಟು ದಿನ ಅದಲುಬದಲು ಮಾಡುವುದೂ ಉಂಟು. ಅಕ್ಷರವನ್ನೇ ನೋಡಬೇಕು: ಮೇಲೆ ನಾಲ್ಕು ಮನೆ ಮಾಡಿದ ಚೌಕ ಇರುವ ಅಕ್ಷರ ಗಂಡಸರದು, ಚೌಕವಿಲ್ಲದೆ, ಒಂದನ್ನೊಂದು ಹಾಯುವ ಎರಡು ಓರೆ ಗೆರೆಗಳ ಮೇಲೆ ಒಂದು ಅಡ್ಡ ಗೆರೆ ಇರುವುದು ಹೆಂಗಸರದು.

ಹಳೆಯ ಸೆಂತೋಗಳಲ್ಲಿ ಎರಡೂ ಪಾಲುಗಳ ನಡುವೆ, ಬಾಗಿಲಿನ ಪಕ್ಕದಲ್ಲಿಯೇ, ಬಂದೈ ಎಂಬ ಎತ್ತರದ ಪೀಠದ ಮೇಲೆ ಕುಳಿತವರು ಹಣ ಪಡೆಯುತ್ತಾರೆ. ಅಲ್ಲಿಂದ ಎರಡು ಕಡೆಯ ಬಟ್ಟೆ ಬದಲಿಸುವ ಕೋಣೆಗಳೂ ಕಾಣುತ್ತವೆ, ಇದಕ್ಕೆ ಮುಜುಗರಪಡುವವರು ಅನೇಕರಿರುವುದರಿಂದ ಈಚಿನ ಸೆಂತೋಗಳು ಹೊರಗಿನ ಹಜಾರದಲ್ಲಿ ಕೌಂಟರು ಮಾಡಿಕೊಂಡಿವೆ. ಒಬ್ಬರಿಗೆ ಟಿಕೆಟು ಬೇಕಾದರೆ “ಒತೊನಾ ಹಿತೊರಿ” ಎಂದರಾಯಿತು. ಒಳಗೆ ಹೋದೊಡನೆ ಮೊಬೈಲನ್ನು ಬ್ಯಾಗಿನೊಳಗೆ ಹಾಕಿಬಿಡಿ. ಬಟ್ಟೆ ಬದಲಿಸುವ ಕೋಣೆಯಿಂದ ಮುಂದೆ ಅದನ್ನು ಕೈಯಲ್ಲಿ ಹಿಡಿಯುವುದೇ ತಪ್ಪು, ಫೋಟೊ ತೆಗೆಯುವ ಉದ್ದೇಶ ಇರಲಿ, ಬಿಡಲಿ. ಎಲ್ಲ ಬಟ್ಟೆಯನ್ನೂ ಲಾಕರಿನಲ್ಲಿಟ್ಟು, ಬೀಗದ ಕೈಯ ರಬ್ಬರು ಪಟ್ಟಿಯನ್ನು ಮಣಿಕಟ್ಟಿಗೆ ಹಾಕಿಕೊಂಡು, ಚಿಕ್ಕ ಟವೆಲು ಮತ್ತು ಸೋಪು ಹಿಡಿದು ಒಳಬಾಗಿಲು ಸರಿಸಬೇಕು. ಈಜುಡುಗೆಗೆ ಇಲ್ಲಿ ಜಾಗವಿಲ್ಲ. ಒಳಚಡ್ಡಿ ಹಾಕಿಕೊಂಡೇ ಮೀಯುತ್ತೇನೆ ಎನ್ನುವವರು ಸೆಂತೋಗೆ ಹೋಗದಿರುವುದೇ ಸರಿ. ಬಟ್ಟೆಯಲ್ಲಿ ಉಳಿಯುವ ಕೊಳೆ, ಸೋಪು ತೊಟ್ಟಿಗೆ ಇಳಿಯುತ್ತದೆಂಬುದು ಆ ಕಟ್ಟಳೆಯ ಕಾರಣ, ಅದಕ್ಕೆ ವಿನಾಯಿತಿ ಕೇಳುವುದು ನ್ಯಾಯವಲ್ಲ.

ಮೈ ತೊಳೆಯುವ ಕ್ರಮ

ಸೆಂತೋದ ನಿಜವಾದ ಸ್ನಾನ ನಡೆಯುವುದು ತೊಟ್ಟಿಯ ಹೊರಗೆ, ನಲ್ಲಿಗಳ ಸಾಲಿನ ಮುಂದೆ. ಒಳಬಾಗಿಲ ಬಳಿ ಪೇರಿಸಿಟ್ಟ ಗಿಡ್ಡ ಸ್ಟೂಲೊಂದನ್ನೂ ಒಂದು ಬೇಸಿನ್ನನ್ನೂ ತೆಗೆದುಕೊಂಡು ಖಾಲಿ ನಲ್ಲಿಯ ಮುಂದೆ ಕುಳಿತುಕೊಳ್ಳಬೇಕು. ಬೇಸಿನ್ನು ಬಹುಶಃ ಹಳದಿ ಪ್ಲಾಸ್ಟಿಕ್ಕಿನದಾಗಿದ್ದು ಅದರ ತಳದಲ್ಲಿ ಕೆರೊರಿನ್ ಎಂಬ ನೋವುನಿವಾರಕ ಮದ್ದಿನ ಹೆಸರಿರುತ್ತದೆ. 1963ರಲ್ಲಿ ಜಾಹೀರಾತಿಗಾಗಿ ಹೊರಟ ಈ ಬೇಸಿನ್ನು ಗಟ್ಟಿತನದಿಂದಾಗಿ ದೇಶದ ತುಂಬ ಉಳಿದುಕೊಂಡಿತು. ಒಸಾಕಾ, ಕ್ಯೋಟೋ ಕಡೆಯದು ಟೋಕಿಯೋದ್ದಕ್ಕಿಂತ ಸ್ವಲ್ಪ ಚಿಕ್ಕದು. ಆ ಕಡೆಯವರು ತೊಟ್ಟಿಯಿಂದಲೇ ನೀರು ಮೊಗೆದು ಮೈಮೇಲೆ ಹೊಯ್ದುಕೊಳ್ಳುವವರಾದ್ದರಿಂದ ದೊಡ್ಡ ಬೇಸಿನ್ನು ಅವರ ಕೈಗೆ ಭಾರ.

ಹಳೆಯ ಬಗೆಯ ನಲ್ಲಿಗಳಲ್ಲಿ ಬಿಸಿಗೆ ಒಂದು, ತಣ್ಣೀರಿಗೆ ಒಂದು ಗುಂಡಿ ಇರುತ್ತದೆ. ಒತ್ತಿ ಹಿಡಿದಷ್ಟು ಹೊತ್ತು ಅಥವಾ ಒತ್ತಿದ ಕೆಲವು ಕ್ಷಣ ಮಾತ್ರ ನೀರು ಬರುತ್ತದೆ. ಬಿಸಿಯ ಗುಂಡಿಯಿಂದ ಬರುವ ನೀರು ಚರ್ಮ ಸುಡುವಷ್ಟು ಬಿಸಿ ಇರಬಹುದಾದ್ದರಿಂದ ಮೊದಲು ತಣ್ಣೀರು ಹಿಡಿದು, ಆಮೇಲೆ ಬಿಸಿ ಬೆರೆಸಿ ಹದ ಮಾಡಿಕೊಳ್ಳಬೇಕು. ಹಂಡೆಯ ನೀರನ್ನು ಬಕೆಟ್ಟಿನಲ್ಲಿ ಬೆರೆಸಿ ಚೊಂಬಿನಿಂದ ಹೊಯ್ದುಕೊಂಡು ಬೆಳೆದವರಿಗೆ ಇದು ಹೊಸ ವಿದ್ಯೆಯೇನೂ ಅಲ್ಲ. ಷವರಿನ ಕೆಳಗೆ ನಿಂತು ಮೀಯುವ ದೇಶಗಳಿಂದ ಬಂದವರಿಗಿಂತ ನಮಗೆ ಈ ಘಟ್ಟ ಸುಲಭವೆಂದೇ ನಾನು ಭಾವಿಸುತ್ತೇನೆ.

ಕುಳಿತೇ ಮೀಯಬೇಕು ಎಂಬುದು ಮುಖ್ಯ. ನಿಂತು ಹೊಯ್ದುಕೊಂಡರೆ ಸೋಪಿನ ನೀರು ಅಕ್ಕಪಕ್ಕದವರ ಮೇಲೆ, ಹಿಂದೆ ಕುಳಿತವರ ಮೇಲೆ ಸಿಡಿಯುತ್ತದೆ. ತಲೆ, ಕತ್ತು, ಕಂಕುಳು, ಸೊಂಟದ ಕೆಳಭಾಗ, ಕಾಲ್ಬೆರಳ ಸಂದಿ ಎಲ್ಲವನ್ನೂ ಅವಸರವಿಲ್ಲದೆ ಉಜ್ಜಿ ತೊಳೆದು, ಸೋಪಿನ ಜಾರು ಮೈಯಲ್ಲಿ ಒಂದಿಷ್ಟೂ ಉಳಿಯದಂತೆ ಹಲವು ಬಾರಿ ನೀರು ಹಾಕಿಕೊಳ್ಳಬೇಕು. ಇದಕ್ಕೆ ಹತ್ತು ನಿಮಿಷವಾದರೂ ಆದೀತು. ಹೊಸಬರ ಕಡೆ ಯಾರಾದರೂ ಗಮನ ಕೊಡುವುದಿದ್ದರೆ ಈ ಹತ್ತು ನಿಮಿಷದಲ್ಲಿ ಮಾತ್ರ: ನೀವು ಚೆನ್ನಾಗಿ ತೊಳೆದುಕೊಂಡಿರೆಂದು ಕಂಡರೆ ಪಕ್ಕದ ಅಜ್ಜ ನಿಶ್ಚಿಂತರಾಗುತ್ತಾರೆ. ಬಟ್ಟೆ ಒಗೆಯುವುದು, ತಲೆಗೆ ಬಣ್ಣ ಹಚ್ಚುವುದು ಕೂಡದು. ಎದ್ದು ಹೋಗುವ ಮೊದಲು ಕುಳಿತ ಜಾಗಕ್ಕೆ, ಸ್ಟೂಲಿಗೆ ನೀರು ಹಾಕಿ ನೊರೆಯನ್ನೂ ಕೂದಲನ್ನೂ ತೊಳೆಯಬೇಕು. ಸಾಮಾನು ಇಟ್ಟು ಜಾಗ ಹಿಡಿದುಕೊಂಡು ತೊಟ್ಟಿಗೆ ಹೋಗುವುದು ಜನ ಕಡಿಮೆಯಿದ್ದಾಗ ನಡೆದೀತು, ದಟ್ಟಣೆಯಲ್ಲಿ ಸಲ್ಲದು.

ತೊಟ್ಟಿಯಲ್ಲಿ

ಟೋಕಿಯೋ ಕಡೆಯ ಸೆಂತೋಗಳಲ್ಲಿ ತೊಟ್ಟಿ ಒಳಗೋಡೆಗೆ ತಾಗಿ ಇರುತ್ತದೆ, ಒಸಾಕಾ ಕಡೆ ಅನೇಕ ಸಲ ಕೋಣೆಯ ನಡುವೆ ಇರುತ್ತದೆ. ಟೋಕಿಯೋದ ಆ ಗೋಡೆಯ ಮೇಲೆ ಫುಜಿ ಪರ್ವತದ ದೊಡ್ಡ ಚಿತ್ರ ಇರುವುದುಂಟು. 1912ರಲ್ಲಿ ಕಂದಾ ಪ್ರದೇಶದ ಕಿಕೈಯು ಎಂಬ ಸೆಂತೋದ ಮಾಲೀಕರು ಮಕ್ಕಳನ್ನು ಖುಷಿಪಡಿಸಲೆಂದು ಕವಾಗೋಎ ಕೋಶಿರೋ ಎಂಬ ಚಿತ್ರಕಾರನಿಂದ ಬರೆಯಿಸಿದ್ದು ಇಂಥ ಮೊದಲ ಚಿತ್ರವೆನ್ನುತ್ತಾರೆ. ಆತ ಫುಜಿ ಕಾಣುವ ಶಿಜುಓಕಾ ಪ್ರಾಂತ್ಯದವನಾಗಿದ್ದ. ಹಬೆಯ ಕೋಣೆಯ ಚಿತ್ರಗಳು ಬಹುಕಾಲ ಬಾಳುವುದಿಲ್ಲವಾದ್ದರಿಂದ ಕೆಲವು ವರ್ಷಕ್ಕೊಮ್ಮೆ ರಜೆಯ ದಿನ ಮತ್ತೆ ಬರೆಯಬೇಕಾಗುತ್ತದೆ, ಅದನ್ನು ಬರೆಯಬಲ್ಲವರು ಈಗ ಬೆರಳೆಣಿಕೆಯಷ್ಟು. ತಲೆಯೆತ್ತಿ ಆ ಚಿತ್ರವನ್ನು ಸರಿಯಾಗಿ ನೋಡಿ.

ನೀರು ಸಾಮಾನ್ಯವಾಗಿ 40ರಿಂದ 44 ಡಿಗ್ರಿಯವರೆಗೆ ಇರುತ್ತದೆ, ಟೋಕಿಯೋದ ಹಳೆಯ ಬಡಾವಣೆಗಳಲ್ಲಿ ಇದಕ್ಕಿಂತ ಬಿಸಿಯಾಗಿಯೂ ಇರಬಹುದು. ಒಂದಕ್ಕಿಂತ ಹೆಚ್ಚು ತೊಟ್ಟಿಗಳಿದ್ದರೆ ಗೋಡೆಯ ಉಷ್ಣಮಾಪಕಗಳನ್ನು ನೋಡಿ ಕಡಿಮೆ ಬಿಸಿಯದರಿಂದ ಆರಂಭಿಸಬೇಕು. ಇಳಿಯುವ ಮುನ್ನ ಬೇಸಿನ್ನಿನಲ್ಲಿ ನೀರು ಮೊಗೆದು ಪಾದದಿಂದ ಆರಂಭಿಸಿ ತೊಡೆ, ಹೊಟ್ಟೆ, ಹೆಗಲಿಗೆ ಹೊಯ್ದುಕೊಂಡರೆ ಮೈ ಬಿಸಿಗೆ ಒಗ್ಗುತ್ತದೆ, ರಕ್ತದೊತ್ತಡ ಒಮ್ಮೆಲೇ ಏರುವುದಿಲ್ಲ. ಆಮೇಲೆ ಸದ್ದಿಲ್ಲದೆ, ಅಲೆ ಏಳದಂತೆ ಇಳಿಯಬೇಕು. ಬಿಸಿ ತಾಳಲಾರದೆ ತಣ್ಣೀರಿನ ನಲ್ಲಿ ತಿರುಗಿಸುವುದು ಹೊಸಬರು ಮಾಡುವ ದೊಡ್ಡ ಅವಿನಯ. ನಿಮಗೆ ಸುಡುವ ನೀರು ನಲವತ್ತು ವರ್ಷದಿಂದ ಬರುತ್ತಿರುವವರಿಗೆ ಹದವಾಗಿರುತ್ತದೆ. ಬಹಳವೇ ಬಿಸಿಯೆನಿಸಿದರೆ ಒಳಗಿರುವವರನ್ನು ಕೇಳಿ ಒಪ್ಪಿಗೆ ಪಡೆದು ಸ್ವಲ್ಪ ತಣ್ಣೀರು ಬಿಡಬಹುದು. ಇಳಿದ ಮೇಲೆ ಅಲುಗಾಡದೆ ಕುಳಿತರೆ ಚರ್ಮದ ಸುತ್ತಲಿನ ನೀರು ತುಸು ತಣಿದು ಸಹ್ಯವಾಗುತ್ತದೆ, ಕೈಕಾಲು ಆಡಿಸಿದಷ್ಟೂ ಹೊಸ ಬಿಸಿ ತಾಗುತ್ತದೆ.

ಟವೆಲು ನೀರಿಗೆ ಬೀಳಬಾರದು. ಮಡಿಸಿ ತಲೆಯ ಮೇಲೆ ಇಟ್ಟುಕೊಳ್ಳುವುದು ರೂಢಿ, ಕಟ್ಟೆಯ ಮೇಲಿಟ್ಟರೂ ಆದೀತು. ಉದ್ದ ಕೂದಲನ್ನು ನೆತ್ತಿಯ ಮೇಲೆ ಗಂಟು ಹಾಕಬೇಕು. ತಲೆ ಮುಳುಗಿಸುವುದು, ಈಜುವುದು, ತೊಟ್ಟಿಯೊಳಗೆ ಮೈ ಉಜ್ಜುವುದು ನಿಷಿದ್ಧ. ನದಿಯಲ್ಲಿ ಮೂರು ಮುಳುಗು ಹಾಕುವ ಅಭ್ಯಾಸ ಇರುವವರು ಇಲ್ಲಿ ಕತ್ತಿನವರೆಗೆ ತೃಪ್ತರಾಗಬೇಕು. ಮೊದಲ ಸಲ ಮೂರು ನಾಲ್ಕು ನಿಮಿಷ ಸಾಕು. ಹೊರಬಂದು ಕಟ್ಟೆಯ ಮೇಲೆ ಕುಳಿತು ಆರಿಸಿಕೊಂಡು ಮತ್ತೆ ಇಳಿಯಬಹುದು. ತಟ್ಟನೆ ಎದ್ದರೆ ಕಣ್ಣು ಕತ್ತಲೆ ಕಟ್ಟುತ್ತದೆ, ಬಿಸಿಯಿಂದ ಅಗಲವಾದ ರಕ್ತನಾಳಗಳಿಗೆ ತಲೆಯವರೆಗೆ ರಕ್ತ ಒಯ್ಯಲು ಒಂದೆರಡು ಕ್ಷಣ ಬೇಕಾಗುತ್ತದೆ. ಕಟ್ಟೆ ಹಿಡಿದು ನಿಧಾನವಾಗಿ ಏಳಬೇಕು. ತಣ್ಣೀರಿನ ತೊಟ್ಟಿ ಇದ್ದರೆ, ಸೌನಾದಿಂದ ಬಂದವರು ಬೆವರನ್ನು ತೊಳೆದುಕೊಂಡ ನಂತರವೇ ಅದಕ್ಕೆ ಇಳಿಯಬೇಕು.

ಒಂದು ತೊಟ್ಟಿಯ ಬಗ್ಗೆ ಎಚ್ಚರ ಹೇಳಲೇಬೇಕು. ದೆಂಕಿಬುರೊ ಎಂಬುದರ ಎರಡು ಬದಿಯ ಫಲಕಗಳ ನಡುವೆ ಸಣ್ಣ ಪ್ರಮಾಣದ ವಿದ್ಯುತ್ತು ಹರಿಯುತ್ತಿರುತ್ತದೆ. ಸೊಂಟನೋವಿಗೆ ಹಿತವೆಂದು ಇಷ್ಟಪಡುವವರಿದ್ದಾರೆ, ಆದರೆ ಹೃದಯಕ್ಕೆ ಪೇಸ್‌ಮೇಕರ್ ಅಳವಡಿಸಿಕೊಂಡವರು, ಹೃದ್ರೋಗಿಗಳು ಅದಕ್ಕೆ ಇಳಿಯಲೇಬಾರದು. ಎಚ್ಚರಿಕೆಯ ಫಲಕ ಜಪಾನಿ ಭಾಷೆಯಲ್ಲಿ ಮಾತ್ರ ಇರಬಹುದು. ಊರಿನಿಂದ ತಂದೆತಾಯಿ ಬಂದಾಗ ಕರೆದೊಯ್ಯುವವರು ಆ ತೊಟ್ಟಿ ಯಾವುದೆಂದು ಕೌಂಟರಿನಲ್ಲಿಯೇ ಕೇಳಿ ತಿಳಿದುಕೊಳ್ಳಿ.

ವರ್ಷದಲ್ಲಿ ಕೆಲವು ದಿನ ತೊಟ್ಟಿಗೆ ಗಿಡಮೂಲಿಕೆಗಳು ಬೀಳುತ್ತವೆ. ಡಿಸೆಂಬರಿನಲ್ಲಿ ಹಗಲು ಅತಿ ಚಿಕ್ಕದಾಗುವ ದಿನ ಯುಜು ಎಂಬ ಘಮಘಮಿಸುವ ನಿಂಬೆ ಜಾತಿಯ ಹಣ್ಣುಗಳನ್ನು ನೀರಿನಲ್ಲಿ ತೇಲಿಬಿಡುತ್ತಾರೆ. ಮೇ 5ರ ಮಕ್ಕಳ ದಿನ ಶೋಬು ಎಂಬ ಉದ್ದ ಎಲೆಗಳನ್ನು ಹಾಕುತ್ತಾರೆ, ಅದು ನಮ್ಮ ಬಜೆಯ ಜಾತಿಯ ಗಿಡವೇ. ಬಜೆ ತೇದು ಕೂಸಿಗೆ ನೆಕ್ಕಿಸುವ ಮನೆಯವರು ಆ ದಿನ ತೊಟ್ಟಿಯ ಬಳಿ ಬಂದೊಡನೆ ವಾಸನೆಯಿಂದಲೇ ಗುರುತು ಹಿಡಿಯಬಹುದು.

ಮಾತು ಆಡಬಹುದೇ ಎಂದು ಕೇಳುವವರಿದ್ದಾರೆ. ತಗ್ಗಿದ ದನಿಯಲ್ಲಿ ಧಾರಾಳವಾಗಿ ಆಡಬಹುದು. ಸೆಂತೋದಲ್ಲಿ ಹುದ್ದೆ, ಉಡುಪು, ಊರುಗಳ ಗುರುತು ಇರುವುದಿಲ್ಲ, ಅದರಿಂದಾಗಿಯೇ ಕಚೇರಿಯಲ್ಲಿ ವರ್ಷಗಟ್ಟಲೆ ಬಾಯಿಬಿಡದ ಜನ ಇಲ್ಲಿ ಹವೆಯ ಬಗ್ಗೆ, ಮೊಣಕಾಲು ನೋವಿನ ಬಗ್ಗೆ ತಾವಾಗಿ ಮಾತು ತೆಗೆಯುತ್ತಾರೆ. ಟೋಕಿಯೋದ ನಿಶಿ ಕಸಾಯ್‌ನಂತಹ, ಭಾರತೀಯರು ಬಹಳವಿರುವ ಕಡೆ ನೆರೆಯವರ ಪರಿಚಯವಾಗದೆ ನಮ್ಮವರೊಳಗೇ ಉಳಿದುಬಿಡುವುದು ಸುಲಭ. ಬಡಾವಣೆಯ ಮುದುಕರನ್ನು, ಅಂಗಡಿಯವರನ್ನು ಬಲ್ಲವರಾಗಬೇಕೆಂದರೆ ಭಾಷಾ ತರಗತಿಗಿಂತಲೂ ಸೆಂತೋವೇ ಒಳ್ಳೆಯ ದಾರಿಯೆಂದು ನನಗನ್ನಿಸುತ್ತದೆ. ಗುಂಪಾಗಿ ಹೋಗಿ ನಾಲ್ಕೈದು ಜನ ಒಂದೇ ತೊಟ್ಟಿಯನ್ನು ತುಂಬಿಕೊಂಡು ಗಟ್ಟಿಯಾಗಿ ಕನ್ನಡದಲ್ಲಿ ಹರಟಿದರೆ ಮಾತ್ರ ಆ ದಾರಿ ಮುಚ್ಚಿಹೋಗುತ್ತದೆ.

ಹೊರಬರುವಾಗ ಚಿಕ್ಕ ಟವೆಲನ್ನು ಹಿಂಡಿ, ಬಟ್ಟೆ ಬದಲಿಸುವ ಕೋಣೆಯ ಹೊಸ್ತಿಲು ದಾಟುವ ಮೊದಲೇ ಮೈಯ ನೀರನ್ನು ಒರೆಸಿಕೊಳ್ಳಬೇಕು; ಒದ್ದೆ ನೆಲದಲ್ಲಿ ಜಾರುವವರು ವೃದ್ಧರು. ಸ್ಟೂಲು, ಬೇಸಿನ್ನುಗಳನ್ನು ತೆಗೆದ ಜಾಗದಲ್ಲಿಯೇ ಇಡಬೇಕು. ಬಟ್ಟೆ ತೊಟ್ಟು ನೀರು ಕುಡಿದು ಸ್ವಲ್ಪ ಹೊತ್ತು ಕುಳಿತುಕೊಳ್ಳಿ. ಗಾಜಿನ ಬಾಟಲಿಯ ತಣ್ಣನೆಯ ಹಾಲು, ಕಾಫಿ ಹಾಲು, ಹಣ್ಣಿನ ಹಾಲು ಮಾರುವ ಸೆಂತೋಗಳು ಇನ್ನೂ ಇವೆ.

ಹೋಗುವುದಾದರೆ ಈಗಲೇ

1968ರಲ್ಲಿ ಜಪಾನಿನಾದ್ಯಂತ ಸುಮಾರು 18,000 ಸೆಂತೋಗಳಿದ್ದವು, ಈಗ 2,000ಕ್ಕೂ ಕಡಿಮೆ ಉಳಿದಿವೆ. ಮನೆಮನೆಗೂ ಬಚ್ಚಲು ಬಂದದ್ದು ಮೂಲ ಕಾರಣ. ಇಂಧನದ ಬೆಲೆ, ಸವೆದ ಬಾಯ್ಲರು, ಮುಂದುವರಿಸಲು ಮಕ್ಕಳಿಲ್ಲದ ವಯಸ್ಸಾದ ಮಾಲೀಕರು, ನಗರದ ನೆಲಕ್ಕೆ ಬಂದಿರುವ ಬೆಲೆ ಉಳಿದ ಕಾರಣಗಳು. ದರವನ್ನು ಸರಕಾರ ಹಿಡಿದಿಟ್ಟಿರುವುದರಿಂದ ಖರ್ಚು ಏರಿದಾಗ ಬರುವ ಜನರ ಸಂಖ್ಯೆಯೊಂದೇ ಆಸರೆ. ಟೋಕಿಯೋದ ಕಿತಾಸೆಂಜುವಿನಲ್ಲಿ ಸೆಂತೋಗಳ ರಾಜನೆಂದು ಹೆಸರಾಗಿದ್ದ ದೈಕೊಕುಯು ಕೂಡ 2021ರಲ್ಲಿ ಮುಚ್ಚಿತು. ಮುಂದಿನ ವರ್ಷ ನೋಡೋಣವೆಂದು ಬಿಟ್ಟ ಸೆಂತೋ ಮುಂದಿನ ವರ್ಷ ಇರದೆ ಹೋಗಬಹುದು.

ಬಡಾವಣೆಯ ಸೆಂತೋ ಅಭ್ಯಾಸವಾದ ಮೇಲೆ ಹೋಗಿ ನೋಡಬೇಕಾದವು ಕೆಲವಿವೆ. ಟೋಕಿಯೋದ ಕೋಎಂಜಿಯಲ್ಲಿರುವ ಕೊಸುಗಿಯು 1933ರದು, ಹಾಲುಬಣ್ಣದ ನೀರಿನ ತೊಟ್ಟಿಗೆ ಹೆಸರಾದದ್ದು. 1923ರ ಭೂಕಂಪದಲ್ಲಿ ನಗರ ಕುಸಿದ ನಂತರ ದೇವಾಲಯದ ಮಾಡಿನ ಸೆಂತೋಗಳನ್ನು ಕಟ್ಟುವ ಪದ್ಧತಿ ಟೋಕಿಯೋದಲ್ಲಿ ಹರಡಿತು. ಆ ಬಗೆಯ ಕಟ್ಟಡವನ್ನು ಬಟ್ಟೆ ಬಿಚ್ಚದೆ ನೋಡಬೇಕೆನ್ನುವವರು ಕೊಗಾನೆಇಯ ಎದೋ-ಟೋಕಿಯೋ ಬಯಲು ವಸ್ತುಸಂಗ್ರಹಾಲಯಕ್ಕೆ ಹೋಗಬಹುದು, ಅಲ್ಲಿ 1929ರ ಕೊದಕರಯು ಸೆಂತೋವನ್ನು ತಂದು ಮರುಜೋಡಿಸಿ ಇಟ್ಟಿದ್ದಾರೆ. ಕ್ಯೋಟೋದ ಫುನಾಓಕಾ ಒನ್ಸೆನ್ 1923ರಿಂದ ನಡೆಯುತ್ತಿದೆ. ಅದರ ಬಟ್ಟೆ ಬದಲಿಸುವ ಕೋಣೆಯ ಮರದ ಕೆತ್ತನೆಗಾಗಿಯೇ ಒಂದು ಸಂಜೆಯನ್ನು ಇಡಬಹುದು. ಶಿಕೋಕು ದ್ವೀಪದ ಮತ್ಸುಯಾಮಾದಲ್ಲಿ ದೋಗೊ ಒನ್ಸೆನ್‌ನ ಮುಖ್ಯ ಕಟ್ಟಡ 1894ರದು.

ಕ್ಯೂಶೂ ದ್ವೀಪದ ಬೆಪ್ಪುವಿಗೆ ಹೋಗುವವರು ಮಾತ್ರ ಇಲ್ಲಿ ಕಲಿತದ್ದನ್ನು ಸ್ವಲ್ಪ ಬದಲಿಸಿಕೊಳ್ಳಬೇಕು. ಬುಗ್ಗೆಗಳ ಆ ಊರಿನಲ್ಲಿ ಕೇರಿಯ ಜನರೇ ಒಟ್ಟಾಗಿ ನಡೆಸುವ ಪುಟ್ಟ ಸ್ನಾನಗೃಹಗಳಿವೆ, ಅವುಗಳಲ್ಲಿ ಕೆಲವು ಹೊರಗಿನವರಿಗೂ ತೆರೆದಿವೆ. ಅಲ್ಲಿನ ಹಳೆಯ ಸ್ನಾನಗೃಹಗಳಲ್ಲಿ, ಹೆಸರಾಂತ ತಕೆಗವಾರಾದಲ್ಲಿಯೂ, ಷವರಿನ ಸಾಲು ಇರುವುದಿಲ್ಲ. ತೊಟ್ಟಿಯ ಅಂಚಿನಲ್ಲಿ ನೆಲದ ಮೇಲೆ ಕುಳಿತು ತೊಟ್ಟಿಯಿಂದಲೇ ನೀರು ಮೊಗೆದು ಮೈ ತೊಳೆಯಬೇಕು. ಬೇಸಿನ್ನನ್ನು ಮುಳುಗಿಸುವ ಮುನ್ನ ಅದರಲ್ಲಿ ಸೋಪಿಲ್ಲವೆಂದು ನೋಡಿಕೊಳ್ಳಿ, ಹೊಯ್ದುಕೊಳ್ಳುವಾಗ ತೊಟ್ಟಿಯಿಂದ ಸ್ವಲ್ಪ ಹಿಂದೆ ಸರಿದು, ನೀರು ಚರಂಡಿಯ ಕಡೆಗೆ ಇಳಿಯುವಂತೆ ಕುಳಿತುಕೊಳ್ಳಿ. ಅಲ್ಲಿನ ನೀರು ಟೋಕಿಯೋದ ಬಿಸಿ ತೊಟ್ಟಿಗಳಿಗಿಂತಲೂ ಬಿಸಿಯಾಗಿರುವುದು ಸಾಮಾನ್ಯ. ತಣ್ಣೀರು ಬೆರೆಸುವ ಮೊದಲು ಒಳಗಿರುವ ಕೇರಿಯವರನ್ನು ಕೇಳಿ. ಆ ಸ್ನಾನಗೃಹವನ್ನು ಸರದಿಯಂತೆ ತೊಳೆದು ಇಟ್ಟುಕೊಂಡಿರುವವರು ಅವರೇ.